ಒಂದು ಕೈಗೆ, ಒಂದು ಮರೆವಿಗೆ

“ಯಾರಾದ್ರೂ ಹೆದರಿಸಿ ಒಪ್ಪಿಸಿದ್ದಾರೇನಮ್ಮಾ?” ಎಂದು ನ್ಯಾಯಾಧೀಶರು ಅವಳನ್ನು ಕೇಳಿದರು.

“ಇಲ್ಲ ಸ್ವಾಮಿ, ನಾನಾಗೇ ಒಪ್ಪಿದೀನಿ” ಎಂದಳು. ಹೇಳಿಕೊಟ್ಟ ಮಾತಾದರೂ ಸುಳ್ಳಲ್ಲ. ಅವಳ ಜೀವ ಹಾರುತ್ತಿದ್ದುದು, ಪಕ್ಕದಲ್ಲಿ ಕೈಕಟ್ಟಿ ನಿಂತಿದ್ದ ಗಂಡ ಏನೆನ್ನುತ್ತಾನೋ ಎಂದು. ಪರಸ್ಪರ ಒಪ್ಪಿಗೆಯ ವಿಚ್ಛೇದನವೆಂದರೆ ಕೊನೆಯ ದಿನದವರೆಗೂ ಇಬ್ಬರೂ ಹೂಂ ಎನ್ನಬೇಕು. ಅರ್ಜಿ ಹಾಕಿ ಆರು ತಿಂಗಳು ಕಾದದ್ದೆಲ್ಲ ಅವನ ಒಂದು ಊಹೂಂಗೆ ಮಣ್ಣುಪಾಲು. “ಒಳಗೆ ಬಾಯಿಗೆ ಬೀಗ ಹಾಕ್ಕೊಂಡು ನಿಲ್ಲಿ, ಕೇಳಿದ್ದಕ್ಕಷ್ಟೇ ಉತ್ತರ ಕೊಡಿ” ಎಂದು ವಕೀಲೆ ಬೆಳಿಗ್ಗೆಯೇ ಎಚ್ಚರಿಸಿದ್ದರು.

ಬೀಗವೆಂದರೇ ಅವಳಿಗೆ ಎದೆ ಧಸಕ್ಕೆನ್ನುತ್ತಿತ್ತು. ಗಂಡನದು ಕೀಲಿ ಮಾಡುವ ಅಂಗಡಿ. ಮದುವೆಯ ದಿನ ಸೋದರಮಾವ “ನಮ್ಮ ಬೀಗರು ಬೀಗದೋರೇ!” ಎಂದು ನಗಿಸಿದ್ದೇ ನಗಿಸಿದ್ದು. ಮೊದಲೆರಡು ವರ್ಷ ಅವಳೂ ಅಂಗಡಿಯಲ್ಲಿ ಕೂತು ಹೊಸ ಕೀಲಿಗಳ ಅಂಚಿಗೆ ಅರ ಉಜ್ಜಿದವಳೇ. ಗಿರಾಕಿ ಒಂದು ಕೀಲಿ ಕೇಳಿದರೂ ಅವನು ಎರಡು ಮಾಡಿಕೊಡುತ್ತಿದ್ದ. “ಒಂದು ಕೈಗೆ, ಒಂದು ಮರೆವಿಗೆ” ಎಂದು ನಗುತ್ತಿದ್ದ. ಒಂದು ದಿನ ಯಾರೋ ಗಿರಾಕಿ ಅವಳೊಡನೆ ನಕ್ಕು ಮಾತಾಡಿದ. ಮರುದಿನದಿಂದ ಅವಳನ್ನು ಮನೆಯೊಳಗೆ ಕೂಡಿ, ಹೊರಗಿನಿಂದ ಬೀಗ ಜಡಿದು ಹೋಗತೊಡಗಿದ. ಹಾಗೇ ನಾಲ್ಕು ವರ್ಷ.

ಅರ್ಜಿಯಲ್ಲಿ ಇದೊಂದೂ ಇಲ್ಲ. ‘ಹೊಂದಾಣಿಕೆಯಾಗಲಿಲ್ಲ’ ಎಂಬ ಒಂದೇ ಸಾಲು. ಬೀಗದ ಮಾತು ಬರೆದಿದ್ದರೆ ಅವನು ಸಹಿ ಹಾಕುತ್ತಿರಲಿಲ್ಲ.

“ನೀವೇನಂತೀರಪ್ಪಾ?” ನ್ಯಾಯಾಧೀಶರು ಅವನತ್ತ ತಿರುಗಿದರು.

“ಒಪ್ಪಿಗೆ ಇದೆ ಸ್ವಾಮಿ. ಎಲ್ಲಿದ್ರೂ ಚೆನ್ನಾಗಿರ್ಲಿ.” ಬೆಣ್ಣೆಯಲ್ಲಿ ಕೂದಲು ತೆಗೆದಂಥ ದನಿ.

“ಒಬ್ಬರ ಸಾಮಾನು ಇನ್ನೊಬ್ಬರ ಹತ್ರ ಏನೂ ಉಳಿದಿಲ್ಲ ತಾನೆ?”

“ಅಯ್ಯೋ, ಒಂದಿದೆ ಸ್ವಾಮಿ. ಮರೆತೇಬಿಟ್ಟಿದ್ದೆ.” ಅವನು ಅಂಗಿಯ ಜೇಬಿನಿಂದ ಒಂದು ಕೀಲಿ ತೆಗೆದು ಮೇಜಿನ ಮೇಲಿಟ್ಟ. “ಅವಳ ಮನೇದು.”

ಹಿತ್ತಾಳೆಯ ಕೀಲಿ, ಅಂಚಿನಲ್ಲಿ ಇನ್ನೂ ಅರದ ಹೊಳಪು. ಅವಳ ಕೈ ಕತ್ತಿನ ದಾರಕ್ಕೆ ಹೋಯಿತು. ಅವನನ್ನು ಬಿಟ್ಟುಬಂದ ಮೇಲೆ ಅವಳು ಮೂರು ಮನೆ ಬದಲಿಸಿದ್ದಳು. ಅರ್ಜಿಯಲ್ಲಿದ್ದುದು ಅಣ್ಣನ ಮನೆಯ ವಿಳಾಸ. ಈಗಿನ ಬಾಡಿಗೆ ಕೋಣೆಗೆ ಬಂದು, ಬಾಗಿಲಿಗೆ ಹೊಸ ಬೀಗ ಕೂಡಿಸಿ ಇಪ್ಪತ್ತು ದಿನವೂ ಆಗಿರಲಿಲ್ಲ. ಅದರ ಕೀಲಿ ಅವಳ ಕತ್ತಿನ ದಾರದಲ್ಲೇ ಇತ್ತು. ಮೇಜಿನ ಮೇಲಿನದಕ್ಕೂ ಅದೇ ಹಲ್ಲುಗಳು. ಅಸಲಿ ಇಲ್ಲದೆ ನಕಲು ಮಾಡುವುದು ಹೇಗೆಂದು ಅವಳಿಗೆ ಗೊತ್ತು. ಬಾಗಿಲ ಮುಂದೆ ಮಂಡಿಯೂರಿ, ಹಲ್ಲಿಲ್ಲದ ಕೀಲಿಯನ್ನು ಬೀಗದೊಳಗೆ ತೂರಿಸಿ, ತೆಗೆದು, ಗುರುತು ಬಿದ್ದಲ್ಲಿ ಅರ ಹಾಕಿ, ಮತ್ತೆ ತೂರಿಸಿ ನೋಡಬೇಕು. ಅರ್ಧ ಗಂಟೆಯ ಕೆಲಸ. ಅವಳು ಕೆಲಸಕ್ಕೆ ಹೋಗಿದ್ದಾಗಲೋ, ಒಳಗೆ ಮಲಗಿದ್ದಾಗಲೋ?

“ಏನಮ್ಮಾ, ಇದು ನಿಮ್ಮದೇನಾ? ಏನಾದ್ರೂ ಹೇಳೋದಿದೆಯಾ?”

ನಾನು ಕೊಟ್ಟ ಕೀಲಿಯಲ್ಲ ಎಂದರೆ ತಕರಾರು. ತಕರಾರೆಂದರೆ ಅವನು ಒಪ್ಪಿಗೆ ಹಿಂತೆಗೆದುಕೊಳ್ಳುತ್ತಾನೆ. ಆಮೇಲೆ ಅವಳು ಮತ್ತೆ ಅವನ ಹೆಂಡತಿಯೇ. ಅವನು ರೆಪ್ಪೆ ಬಡಿಯದೆ ಅವಳ ಬಾಯನ್ನೇ ನೋಡುತ್ತಿದ್ದ.

“ನಂದೇ ಸ್ವಾಮಿ. ಹೇಳೋದೇನಿಲ್ಲ.”

ನ್ಯಾಯಾಧೀಶರು ಸಹಿ ಹಾಕಿದರು. ಅವನು ಎಲ್ಲರಿಗೂ ಕೈಮುಗಿದು, ಎಲ್ಲರಿಗಿಂತ ಮೊದಲು ಹೊರಟುಹೋದ.

ಮೆಟ್ಟಿಲಿಳಿಯುತ್ತ ವಕೀಲೆ ಅವಳ ಬೆನ್ನು ತಟ್ಟಿದರು. “ಮುಗೀತಲ್ಲ, ಇನ್ಯಾಕೆ ಭಯ? ಕೀಲಿ ಕೂಡ ನಿಮ್ಮ ಕೈಗೇ ಬಂತು.”

ಅವಳು ಬಿಗಿಹಿಡಿದಿದ್ದ ಮುಷ್ಟಿ ಬಿಡಿಸಿದಳು. ಅಂಗೈಯಲ್ಲಿ ಕೀಲಿಯ ಹಲ್ಲುಗಳು ಅಚ್ಚೊತ್ತಿದ್ದವು.

“ಅವರು ಯಾವತ್ತೂ ಒಂದೇ ಕೀಲಿ ಮಾಡಿದೋರಲ್ಲ, ಮೇಡಂ.”