ಎಣ್ಣೆ ಬಟ್ಟೆ

"ಆಗಂಗಿಲ್ರಿ ರಾಯರ," ಎಂದ ಹುಲುಗಪ್ಪ. ಮೂರನೆಯ ಸಲ.

ಒಳಗೆ ಒಲೆಯ ಮುಂದೆ ಕುಳಿತಿದ್ದ ಅವನ ಹೆಂಡತಿ ಸುಂಕಲಮ್ಮ ಮೂರು ಸಲವೂ ಆ ಮಾತನ್ನು ತನಗೇ ಅಂದಂತೆ ಕೇಳಿಸಿಕೊಂಡಳು.

ಕಟ್ಟೆಯ ಮೇಲಿದ್ದವರು ಮಧುಸೂದನರಾಯರು, ಬಳ್ಳಾರಿಯ ಹತ್ತಿ ಮಿಲ್ಲಿನ ಬಾಸ್ಕೆಟ್‌ಬಾಲ್ ತಂಡದ ಹಳೆಯ ನಾಯಕರು. ಕರೂರಿನ ಗದ್ದೆಯಲ್ಲಿ ಕೂಲಿ ಮಾಡುತ್ತಿದ್ದ ಹುಲುಗಪ್ಪನನ್ನು ಬರೀ ಎತ್ತರ ನೋಡಿ ತಂಡಕ್ಕೆ ಕರೆತಂದವರೂ ಅವರೇ. ಮಿಲ್ಲಿನ ಪುಸ್ತಕದಲ್ಲಿ ಅವನದು ಹತ್ತಿ ತೂಗುವ ಕೆಲಸ. ಸಂಬಳ ಮಾತ್ರ ಚೆಂಡನ್ನು ರಿಂಗಿಗೆ ಹಾಕುವುದಕ್ಕೆ. ಅದೆಲ್ಲ ಸಾವಿರದ ಒಂಬೈನೂರ ನಲವತ್ತಾರರವರೆಗೆ. ಈಗ ಆರು ವರ್ಷದಿಂದ ಸಿರುಗುಪ್ಪದ ಅಕ್ಕಿ ಗಿರಣಿಯ ಬಾಗಿಲು ಕಾಯುತ್ತಾನೆ, ಬಲಗಾಲು ಚಾಚಿಕೊಂಡು.

"ಲೇ ಹುಲುಗ್ಯಾ, ನಿನಗ ಓಡು ಅಂದವರು ಯಾರು? ಗಾಂಧಿನಗರದಾಗ ಹೊಸ ಅಂಗಳ ಮಾಡೀವಿ. ಕುರ್ಚಿ ಹಾಕಸ್ತೀನಿ. ಕುಂತು ಹುಡುಗರಿಗೆ ಆಟ ಕಲಸು. ಬಾಯಿ ಏನ್ ಕುಂಟಿಲ್ಲಲ್ಲ?"

"ಅಂಗಳ ಕಂಡ್ರ ನನ್ನ ಕಾಲು ನನ್ನ ಮಾತು ಕೇಳಂಗಿಲ್ರಿ. ಬ್ಯಾಡ."

"ಮತ್ತ ಇಲ್ಲಿ ಅಕ್ಕಿ ಕಳ್ಳರನ್ನ ಹೆಂಗ ಹಿಡೀತಿ?"

"ಅವರೇ ನಿಂತ್ಕೊಂತಾರ್ರಿ. ಪಾಪ ಅಂತ."

ರಾಯರು ನಗಲಿಲ್ಲ. ನಾಳೆ ಬೆಳಿಗ್ಗೆ ಬಳ್ಳಾರಿ ಬಸ್ಸಿಗೆ ಹೋಗುವವರೆಗೆ ಕಾಯುತ್ತೇನೆ, ಆಮೇಲೆ ಬೇರೆಯವರನ್ನು ನೋಡಬೇಕಾಗುತ್ತದೆ ಎಂದು ಹೇಳಿ ಎದ್ದರು.

ಗಂಡನ ಚಪ್ಪಲಿ ಹಿಡಿದು ಸುಂಕಲಮ್ಮ ಜೋಗಪ್ಪನ ಹತ್ತಿರ ಹೋದಳು. ಅವನು ಬಸ್ ನಿಲ್ದಾಣದ ಬಳಿ ಕುಳಿತು ಚಪ್ಪಲಿ ಹೊಲಿಯುವವನು. ಎರಡನ್ನೂ ಮಗುಚಿ ನೋಡಿ, "ಒಂದೇ ಸಮ ಸವದಾವಬೇ. ಹಾಕಿದ್ರ ಎರಡಕ್ಕೂ ಹೊಸ ಅಟ್ಟಿ ಹಾಕಬೇಕು," ಎಂದ. ಅವಳು ಹೂಂ ಎಂದಳು. ಮನಸ್ಸು ಅಲ್ಲಿರಲಿಲ್ಲ. ಇವತ್ತೇ ಹೇಳಿಬಿಡಬೇಕು. ಜಾರಿದ್ದು ತನ್ನ ಕಾಲಿನ ತಪ್ಪಲ್ಲ ಎಂದು ತಿಳಿದರೆ ಅವನು ಮತ್ತೆ ಅಂಗಳಕ್ಕೆ ಹೋದಾನು. ಹೇಳಿದರೆ ಮನೆಯಿಂದ ಹೊರಗೆ ಹಾಕಿಯಾನು. ಹೇಳದಿದ್ದರೆ, ಅವನ ಕಾಲು ಕಿತ್ತುಕೊಂಡವಳೇ ಅವನ ಆಟವನ್ನು ಎರಡನೆಯ ಸಲ ಕಿತ್ತುಕೊಂಡಂತೆ.

ಅವನು ಮಿಲ್ಲಿನ ತಂಡದಲ್ಲಿ ಆಡುತ್ತಿದ್ದಾಗ ಅವಳು ಕುರುಗೋಡಿನಿಂದ ಬಂದು ಅಲ್ಲೇ ಕೂಲಿಗಿದ್ದಳು. ಪಂದ್ಯದ ಹಿಂದಿನ ದಿನ ಆಟದ ಅಂಗಳವನ್ನು ಸಗಣಿಯಿಂದ ಸಾರಿಸುವುದು ಅವಳ ಕೆಲಸ. ಒಣಗಿದ ಮೇಲೆ ಧೂಳೇಳುವುದಿಲ್ಲ, ಚೆಂಡು ಚೆನ್ನಾಗಿ ಪುಟಿಯುತ್ತದೆ. ಉಳಿದವರು ಬೂಟು ಮೆಟ್ಟಿ ಇಳಿಯುತ್ತಿದ್ದರು. ಹುಲುಗಪ್ಪ ಬರಿಗಾಲು ತೊಳೆದುಕೊಂಡು ಇಳಿಯುತ್ತಿದ್ದ. "ನೀ ಸಾರಿಸಿದ್ದರ ಮ್ಯಾಲ ಹೊಲಸು ಕಾಲು ಇಡಾಕ ಮನಸಾಗಂಗಿಲ್ಲ," ಎಂದಿದ್ದ ಒಮ್ಮೆ. ಆ ಒಂದು ಮಾತಿನ ಮೇಲೆ ಅವಳು ಎರಡು ವರ್ಷ ಬದುಕಿದಳು.

ಆಮೇಲೆ ಸುದ್ದಿ ಬಂತು. ಫೈನಲ್ ನೋಡಲು ಮದ್ರಾಸಿನವರು ಬರುತ್ತಾರೆ, ಹುಲುಗಪ್ಪ ಹಿಡಿಸಿದರೆ ತಮ್ಮ ತಂಡಕ್ಕೆ ಕರೆದೊಯ್ಯುತ್ತಾರೆ.

ಪಂದ್ಯದ ಮಧ್ಯಾಹ್ನ ಅಂಗಳ ಖಾಲಿಯಾದಾಗ ಅವಳು ಬಡಗಣ ರಿಂಗಿನ ಕೆಳಗೆ, ಅವನು ಜಿಗಿಯುವ ಜಾಗದಲ್ಲಿ, ಮತ್ತೊಂದು ಬುಟ್ಟಿ ಹಸಿ ಸಗಣಿ ಬಳಿದಳು. ಮೇಲೆ ಒಣಮಣ್ಣು ಉದುರಿಸಿದಳು. ಎರಡು ಚೆಂಡು ತಪ್ಪಲಿ, ಮದ್ರಾಸಿನವರು ಮೂಗು ಮುರಿದು ಹೋಗಲಿ. ಅವಳು ಬೇಡಿದ್ದು ಇಷ್ಟೇ.

ಅವನು ಜಾರಿದ. ಮಂಡಿ ತಿರುಚಿದ ಸದ್ದು ಬೇಲಿಯಾಚೆ ನಿಂತ ಅವಳಿಗೂ ಕೇಳಿಸಿತು.

ನಾಲ್ಕನೆಯ ದಿನ ಹರಳೆಣ್ಣೆ ತೆಗೆದುಕೊಂಡು ಅವನ ಕೋಣೆಗೆ ಹೋದಳು. ದಿನವೂ ಹೋದಳು. ಮಿಲ್ಲಿನವರು ಕೈಬಿಟ್ಟರು, ಮದ್ರಾಸಿನವರು ಮರೆತರು. ಅವಳು ಬಿಡಲಿಲ್ಲ. ಮದುವೆಯಾಗಿ ಸಿರುಗುಪ್ಪಕ್ಕೆ ಬಂದ ಮೇಲೂ ಒಂದು ಸಂಜೆ ಎಣ್ಣೆ ತಪ್ಪಲಿಲ್ಲ. "ನಿನ್ನ ಗಂಡನ ಕಾಲಿಗೆ ಬೀಳೋ ಎಣ್ಣಿ ದೇವರ ದೀಪಕ್ಕೂ ಬೀಳಂಗಿಲ್ಲ ಬಿಡು," ಎಂದು ನೆರೆಯ ಉಚ್ಚಂಗೆಮ್ಮ ಚುಚ್ಚುತ್ತಿದ್ದಳು.

ಮನೆಗೆ ಬಂದಾಗ ಮೊಸರಿನ ಗಡಿಗೆ ನೆನಪಾಯಿತು. ಬೆಕ್ಕಿನ ಕಾಟಕ್ಕೆ ಗಡಿಗೆ ತೂಗುಹಾಕುವ ಹಗ್ಗದ ನೆಲುವನ್ನು ತೊಲೆಗೇ ಕಟ್ಟಿದ್ದರು. ಅವಳು ಒರಳ ಮೇಲೆ ನಿಂತರೂ ತುದಿಗಾಲಲ್ಲಿ ಎಟುಕಬೇಕು. ಹೋದ ತಿಂಗಳು ಅದರ ಹಗ್ಗ ಹರಿದಿತ್ತು. ಅವಳು ನೀರು ತರುವಷ್ಟರಲ್ಲಿ ಯಾರೋ ಮತ್ತೆ ಕಟ್ಟಿದ್ದರು. ಉಚ್ಚಂಗೆಮ್ಮನ ಗಂಡನಿರಬೇಕು. ಗಡಿಗೆ ಇಳಿಸಿದಳು. ಖಾಲಿ ನೆಲುವು ತೂಗಾಡಿತು.

ಸಂಜೆ ಹುಲುಗಪ್ಪ ಕುಂಟುತ್ತ ಬಂದು ಚಾಪೆಯ ಮೇಲೆ ಕುಳಿತು ಕಾಲು ಚಾಚಿದ. ಬಿಸಿ ಎಣ್ಣೆಯಲ್ಲಿ ಅದ್ದಿದ ಬಟ್ಟೆಯನ್ನು ಅವಳು ಮಂಡಿಯ ಮೇಲಿಟ್ಟಳು. ಕೈ ತೆಗೆಯಲಿಲ್ಲ.

"ಒಂದು ಮಾತೈತ್ರಿ. ಆ ರಿಂಗಿನ ಕೆಳಗ ಹಸಿ ಸಗಣಿ ಇತ್ತಲ್ಲ. ಅದು ನಾ ಬಳಿದಿದ್ದು."

"ಗೊತ್ತೈತಿ."

ಅವಳು ತಲೆ ಎತ್ತಿದಳು.

"ಅಂಗಳ ಸಾರಿಸಾಕಿ ನೀ ಒಬ್ಬಾಕಿ. ಕೆಲಸದಾಗ ತಪ್ಪಿದಿ, ಅದಕ್ಕ ಎಣ್ಣಿ ಹಿಡಕೊಂಡು ಬಂದಿ. ನಾಲ್ಕನೇ ದಿನಾನೇ ತಿಳಿದಿತ್ತು ನನಗ."

"ತಪ್ಪಿದ್ದಲ್ರಿ. ಬೇಕಂತ ಬಳಿದೆ."

"ಯಾಕ?" ಎಂದ ಹುಲುಗಪ್ಪ.

"ನೀವು ಮದ್ರಾಸಿಗೆ ಹೋಗಬಾರದು ಅಂತ. ಹೋದ್ರ ನಾ ನಿಮ್ಮನ್ನ ಎಲ್ಲಿ ನೋಡ್ಲಿ ಅಂತ."

ಏಟು ಬೀಳುತ್ತದೆಂದು ಅವಳು ತಲೆ ತಗ್ಗಿಸಿದಳು. ಬೀಳಲಿಲ್ಲ. ಅವನು ಅವಳನ್ನೇ ನೋಡುತ್ತಿದ್ದ. ಸಿಕ್ಕಿಬಿದ್ದ ಕಳ್ಳನ ಮುಖ ಅವಳದಾಗಿರಬೇಕಿತ್ತು. ಅವನದಾಗಿತ್ತು.

"ಆರು ವರ್ಷ," ಎಂದ ಮೆಲ್ಲಗೆ. "ಇದನ್ನ ಆವತ್ತೇ ಅಂದಿದ್ದರ ಆಗತಿತ್ತಲ್ಲೇ. ನೀ ಬರೋದು ಪಾಪ ಕಳಕೊಳ್ಳಾಕ, ಪಾಪ ತೀರಿದ ದಿನ ಎದ್ದು ಹೋಗ್ತಿ, ಅಂದ್ಕೊಂಡೇ ಕುಂತೆ ನಾನು."

ಮಂಡಿಯ ಮೇಲಿನ ಎಣ್ಣೆ ಬಟ್ಟೆಯನ್ನು ತೆಗೆದು, ಹಿಂಡಿ, ಉಂಡೆ ಮಾಡಿದ. ಎದ್ದು ನಿಂತ.

ಎರಡು ಹೆಜ್ಜೆ ಓಡಿ, ತೊಲೆಯೆತ್ತರಕ್ಕೆ ಜಿಗಿದು, ಆ ಉಂಡೆಯನ್ನು ನೆಲುವಿನೊಳಗೆ ಹಾಕಿ, ಎರಡೂ ಕಾಲ ಮೇಲೆ ಒಂದೇ ಸಮ ಇಳಿದ.