ಬ್ರಷ್ ಮಾರುವವನಿಗೆ ಭಾನುವಾರದ ಊಟ

ಬ್ರಷ್ಷುಗಳ ಪೆಟ್ಟಿಗೆಯ ಸಮೇತ ಆರ್ಲೋ ಮೆಟ್ಟಿಲ ಮೇಲಿಂದ ಉರುಳಿಬಿದ್ದ. ಹೊರದಬ್ಬಿದ ದಪ್ಪ ಹೆಂಗಸು ಧಡಾರನೆ ಬಾಗಿಲು ಹಾಕಿಕೊಂಡಳು. ಬೀದಿಯಾಚೆ ನಿಂತಿದ್ದ ಲಾಂಡ್ರಿ ವ್ಯಾನಿನೊಳಗೆ, ಕ್ಯಾಮೆರಾದ ಪಕ್ಕ ಅಡಗಿ ಕೂತಿದ್ದ ನಿರ್ದೇಶಕ ಗ್ರೂಬರ್ ಗುಡುಗಿದ.

"ಚೆನ್ನಾಗಿ ಬಿದ್ದೆ ಕಣೋ! ಆ ಸಂತೋಷದ ಶಾಟ್ ಒಂದು ಬಿಟ್ರೆ ಎಲ್ಲಾ ಬರುತ್ತೆ ನಿಂಗೆ. ಖುಷಿಪಡು ಅಂದ್ರೆ ಹಲ್ಲುನೋವು ಬಂದೋನ ಥರ ಮುಖ ಮಾಡ್ತೀಯ. ಅದು ಹಾಳಾಗ್ಲಿ, ಪಕ್ಕದ ಮನೆಗೆ ಹೋಗು. ಅಲ್ಲಿ ರೂಬಿ ನಿನ್ನ ತಲೆ ಮೇಲೆ ತಟ್ಟೆ ಒಡೀತಾಳೆ."

ಮೂಕಿ ಚಿತ್ರಗಳಲ್ಲಿ ಮನೆಮನೆ ಅಲೆದು ಬ್ರಷ್ ಮಾರುವವನ ಪಾತ್ರ ಆರ್ಲೋನದು. ಅವನು ಬಿದ್ದಷ್ಟೂ ಲಾಸ್ ಏಂಜಲೀಸಿನ ಜನ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಸಂಜೆ ಬಾಡಿಗೆ ಕೋಣೆಗೆ ಮರಳಿದರೆ, ಬೆನ್ನು ನೋಯುತ್ತಿದೆಯಾ ಎಂದು ಕೇಳಲು ಒಂದು ನರಪಿಳ್ಳೆಯೂ ಇರಲಿಲ್ಲ.

ಆ ಬೀದಿಯ ಮನೆಗಳೆಲ್ಲ ಒಂದೇ ಅಚ್ಚಿನವು. ಆರ್ಲೋ ಬಾಗಿಲು ತಟ್ಟಿ, ಏಟಿಗೆ ತಲೆ ಬಗ್ಗಿಸಿ ನಿಂತ.

ತಟ್ಟೆ ಬೀಳಲಿಲ್ಲ. ಬಾಗಿಲಲ್ಲಿದ್ದವಳು ರೂಬಿಯಲ್ಲ, ಏಪ್ರನ್ ಕಟ್ಟಿಕೊಂಡ ಯಾವಳೋ ಅಪರಿಚಿತೆ.

"ಅಯ್ಯೋ, ಮೊಣಕೈ ತರಚಿದೆಯಲ್ರೀ! ಇಲ್ಲೇ ಜಗಲಿ ಮೇಲೆ ಕೂತ್ಕೊಳ್ಳಿ, ಕಾಫಿ ತರ್ತೀನಿ."

ಮನೆ ತಪ್ಪಿದೆ ಎಂದು ಆರ್ಲೋನಿಗೆ ಹೊಳೆಯಿತು. ಈಗ ಗ್ರೂಬರ್ ಅರಚುತ್ತಾನೆ ಎಂದು ಕಾದ. ಅರಚಲಿಲ್ಲ. ಇನ್ನೊಂದು ಗಳಿಗೆ ಅರಚದಿರಲಪ್ಪ ಎಂದುಕೊಂಡ.

ಅವಳು ಕುರ್ಚಿಯನ್ನು ಬಿಸಿಲಿಗೆ, ಬೀದಿಯ ಕಡೆಗೆ ತಿರುಗಿಸಿ ಕೂರಿಸಿದಳು. ಕಾಫಿಯ ಜೊತೆ ಸೇಬು ತುಂಬಿ ಬೇಯಿಸಿದ ಸಿಹಿ ಪೈ ಕೊಟ್ಟಳು. ಪೈ ಎಂದರೆ ಶೂಟಿಂಗಿನಲ್ಲಿ ಮುಖಕ್ಕೆ ಬಂದು ಅಪ್ಪಳಿಸುವ ವಸ್ತು ಎಂದೇ ತಿಳಿದಿದ್ದ ಆರ್ಲೋ ಅದನ್ನು ಬಾಯಿಗಿಟ್ಟುಕೊಂಡ. ಕಣ್ಣು ತುಂಬಿ ಬಂತು.

"ಮನೇಲಿ ಯಾರ್ಯಾರಿದ್ದಾರೆ?"

"ಯಾರೂ ಇಲ್ಲಮ್ಮ."

"ಹಾಗಾದ್ರೆ ಭಾನುವಾರ ಇಲ್ಲಿಗೇ ಊಟಕ್ಕೆ ಬನ್ನಿ. ನಾನೂ ಒಬ್ಬಳೇ. ಕೋಳಿ ಹುರೀತೀನಿ."

ತಾನು ಬ್ರಷ್ ಮಾರುವವನಲ್ಲ ಎಂದು ಹೇಳಿಬಿಡಬೇಕಿತ್ತು. ಹೇಳಿದ ಮೇಲೆ ಬರಬೇಡ ಎಂದುಬಿಟ್ಟರೆ? ಭಾನುವಾರವೇ ಹೇಳಿದರಾಯಿತು, ಊಟ ಮುಗಿದ ಮೇಲೆ. ತನಗಾಗಿ ಒಂದು ಮನೆಯಲ್ಲಿ ಒಲೆ ಹಚ್ಚುತ್ತಾರೆ ಎಂದು ನೆನೆದೇ ಆರ್ಲೋನ ಮುಖ ಮಗುವಿನ ಮುಖದಂತೆ ಅರಳಿತು.

"ಬರ್ತೀನಮ್ಮ, ಖಂಡಿತ ಬರ್ತೀನಿ."

ಅವಳು ಆ ಮುಖವನ್ನೊಮ್ಮೆ ದಿಟ್ಟಿಸಿದಳು. ಆಮೇಲೆ ಏಪ್ರನ್ ಬಿಚ್ಚುತ್ತ ಲಾಂಡ್ರಿ ವ್ಯಾನಿನ ಕಡೆ ಕೂಗಿದಳು: "ಸಂತೋಷದ ಶಾಟ್ ಬಂತಾ ಸಾರ್? ಸಾಕಾದ್ರೆ ನಾನಿನ್ನು ಹೊರಡ್ತೀನಿ."