ಪ್ರತಿವಾದಿ ಸರ್ಕಾರ್

ಆಷಾಢದ ಬಿಸಿಗಾಳಿಗೆ ಮುಲ್ತಾನ್ ಸೀಮೆಯ ಶುಜಾಬಾದಿನ ಮಾವಿನ ತೋಪುಗಳೆಲ್ಲ ಘಮಘಮಿಸುತ್ತಿದ್ದವು. ಆಳುಗಳು ಬಲೆ ಕಟ್ಟಿದ ಗಳು ಹಿಡಿದು ಹಣ್ಣಿಳಿಸುತ್ತಿದ್ದರು. ಎಮ್ಮೆಗೆ ಮೇವು ಹಾಕಿ ಬಂದ ಜಿಂದ್‌ವಡ್ಡಾ ತನ್ನ ತೋಪಿನ ಬಾವಿಯ ಹತ್ತಿರ ನಿಂತುಬಿಟ್ಟ. ಅಲ್ಲಿದ್ದ ರಟೋಲ್ ಜಾತಿಯ ಮಾವಿನ ಮರದಲ್ಲಿ ಒಂದು ಹಣ್ಣೂ ಉಳಿದಿರಲಿಲ್ಲ.

ತೋಪು ಗುತ್ತಿಗೆ ಕೊಟ್ಟರೂ ಒಂದು ಮರ ಒಡೆಯನ ಮನೆಗೇ ಉಳಿಯುವುದು ಆ ಕಡೆಯ ವಾಡಿಕೆ. ಜಿಂದ್‌ವಡ್ಡಾ ಉಳಿಸಿಕೊಳ್ಳುತ್ತಿದ್ದದ್ದು ಇದೇ ಮರವನ್ನು. ಪ್ರತಿವರ್ಷ ಇದರ ಎರಡು ಬುಟ್ಟಿ ಹಣ್ಣು ಖಾನೇವಾಲಿನಲ್ಲಿರುವ ಮಗಳು ಜನ್ನತಳ ಮನೆಗೆ ಹೋಗುತ್ತಿತ್ತು. ಬುಟ್ಟಿ ಬಾರದ ವರ್ಷ ಅತ್ತೆ ಏನನ್ನುತ್ತಾಳೆಂದು ಅವನಿಗೆ ಗೊತ್ತಿತ್ತು.

ಗುತ್ತಿಗೆದಾರ ಸಾಬಿರ್ ಶಾ ನೆರಳಿನಲ್ಲಿ ಮಂಚ ಹಾಕಿಸಿಕೊಂಡು ಕೂತಿದ್ದ. ದರ್ಗಾದ ಮನೆತನದವನು, ಊರಿನಲ್ಲಿ ಹಿರಿಯರು ಕಿರಿಯರೆಲ್ಲ ಅವನನ್ನು ಕರೆಯುತ್ತಿದ್ದುದೇ ‘ಸರ್ಕಾರ್’ ಎಂದು. ಅವನೆದುರು ಯಾರೂ ಮಂಚದ ಮೇಲೆ ಕೂರುತ್ತಿರಲಿಲ್ಲ.

“ಸರ್ಕಾರ್, ಅದು ಜನ್ನತಳ ಮರ. ಮಾತಾಗಿತ್ತಲ್ಲ?”

“ಕಾಗದದಲ್ಲಿ ಎಲ್ಲಿದೆ ಚಾಚಾ, ತೋರ್ಸು.”

“ಅದನ್ನ ಕಾಗದದಲ್ಲಿ ಯಾರು ಬರೀತಾರೆ ಸರ್ಕಾರ್?”

ಸಾಬಿರ್ ಶಾ ನಕ್ಕು ಹುಕ್ಕಾದ ಕಡೆ ತಿರುಗಿದ.

ಕೆಳಗಿನ ಕೋರ್ಟಿಗೆ ಹೋದರೆ ಮೊಮ್ಮಕ್ಕಳ ಕಾಲಕ್ಕೆ ತೀರ್ಪು ಬರುತ್ತದೆ, ನೇರವಾಗಿ ಹೈಕೋರ್ಟಿಗೆ ರಿಟ್ ಹಾಕಿಬಿಡೋಣ ಎಂದು ವಕೀಲ ಹೇಳಿದ. ದೊಡ್ಡ ಕೋರ್ಟಿನಲ್ಲಿ ನ್ಯಾಯವೂ ದೊಡ್ಡದಿರುತ್ತದೆಂದು ಜಿಂದ್‌ವಡ್ಡಾ ನಂಬಿದ. ಫೀಸಿಗೆ ಎಮ್ಮೆಯ ಕರು ಹೋಯಿತು.

ಮುಲ್ತಾನಿನ ಹೈಕೋರ್ಟಿನಲ್ಲಿ ಅವರ ಸರದಿ ಬಂದಾಗ ನ್ಯಾಯಾಧೀಶರು ಅರ್ಜಿ ಮಗುಚಿ ನೋಡಿ, ಇದರಲ್ಲಿ ಸರ್ಕಾರ ಎಲ್ಲಿದೆ ಎಂದು ಕೇಳಿದರು. ವಕೀಲ ತಡವರಿಸಿದ. ಹಿಂದೆ ನಿಂತಿದ್ದ ಜಿಂದ್‌ವಡ್ಡಾ ಕೈಮುಗಿದು ಮುಂದೆ ಬಂದ.

“ಹುಜೂರ್, ಅವರೇ ಸರ್ಕಾರ್. ನಮ್ಮೂರಲ್ಲಿ ಯಾರನ್ನ ಬೇಕಾದ್ರೂ ಕೇಳಿ.”

ಕೋರ್ಟಿಗೆ ಕೋರ್ಟೇ ನಕ್ಕಿತು. ನ್ಯಾಯಾಧೀಶರು ನಗಲಿಲ್ಲ, ಕನ್ನಡಕ ತೆಗೆದಿಟ್ಟರು.

“ಬಾಬಾ, ಸರ್ಕಾರ ತಪ್ಪು ಮಾಡಿದ್ರೆ ಅದರ ಕೈ ಹಿಡಿಯೋಕೆ ಸಂವಿಧಾನ ಈ ದಾರಿ ಇಟ್ಟಿದೆ. ಇಲ್ಲಿರೋದು ನೀವಿಬ್ಬರು, ನಿಮ್ಮ ಮಾತು. ಒಬ್ಬ ಮಾತು ಮುರಿದ ಅಂದ್ರೆ ಅದನ್ನ ಕೇಳಬೇಕಾದ್ದು ಕೆಳಗಿನ ಕೋರ್ಟು. ಆ ಮನುಷ್ಯ ಸರ್ಕಾರ ಅಲ್ಲ, ನಿನ್ನ ಹಾಗೇ ಒಬ್ಬ.”

ಅದನ್ನೇ ಬರೆಸಿ ಅರ್ಜಿ ವಜಾ ಮಾಡಿದರು. ಮೆಟ್ಟಿಲಿಳಿಯುತ್ತ ವಕೀಲ ಆದೇಶವನ್ನು ಓದಿ ಹೇಳಿದ. ಪ್ರತಿವಾದಿ ಖಾಸಗಿ ವ್ಯಕ್ತಿ, ಸರ್ಕಾರವಲ್ಲ ಎಂಬ ಸಾಲು ಬಂದಾಗ ಜಿಂದ್‌ವಡ್ಡಾ ಅವನನ್ನು ನಿಲ್ಲಿಸಿ, ಇನ್ನೊಂದು ಸಲ ಓದಿಸಿಕೊಂಡ.

ಖಾನೇವಾಲಿಗೆ ಪೇಟೆಯ ಹಣ್ಣು ಕೊಂಡು ಹೋದ. ಜನ್ನತ ಒಂದನ್ನು ಮೂಸಿ ನೋಡಿದಳು. ತವರಿನ ಮರದ್ದೆಂದು ಹೇಳುತ್ತ ಓಣಿಗೆಲ್ಲ ಹಂಚಿದಳು.

ಫಾಲ್ಗುಣದಲ್ಲಿ ಮಾವು ಹೂ ಬಿಟ್ಟಾಗ ಸಾಬಿರ್ ಶಾ ಹೊಸ ವರ್ಷದ ಗುತ್ತಿಗೆ ಮಾತಾಡಲು ಗುಮಾಸ್ತನ ಜೊತೆ ಬಂದ. ಜಿಂದ್‌ವಡ್ಡಾ ಬಾವಿಯ ಬಳಿ ಹಗ್ಗದ ಮಂಚದ ಮೇಲೆ ಕೂತಿದ್ದ, ಏಳಲಿಲ್ಲ.

“ಯಾಕೆ ಚಾಚಾ, ಕಾಲು ಹಿಡ್ಕೊಂಡಿದ್ಯಾ? ಸರ್ಕಾರ್ ಬಂದಿದಾರೆ, ಕಾಣಿಸ್ತಿಲ್ವಾ?” ಎಂದ ಗುಮಾಸ್ತ.

“ಇವರು ಸರ್ಕಾರ್ ಅಲ್ಲ ಅಂತ ಹೈಕೋರ್ಟೇ ಬರೆದು ಕೊಟ್ಟಿದೆಯಪ್ಪಾ,” ಎಂದು ಜಿಂದ್‌ವಡ್ಡಾ ಮಂಚದಲ್ಲಿ ಒಂದು ಬದಿಗೆ ಸರಿದ. “ಬನ್ನಿ ಸಾಬಿರ್ ಶಾ, ಕೂತ್ಕೊಳ್ಳಿ. ಎರಡು ಬುಟ್ಟಿ ರಟೋಲ್ ಬಾಕಿ ಇದೆ. ಮೊದಲು ಅದರ ಮಾತಾಡೋಣ.”

ಸಾಬಿರ್ ಶಾ ಮಂಚದ ಖಾಲಿ ಅರ್ಧವನ್ನು ನೋಡುತ್ತ ನಿಂತೇ ಇದ್ದ.